ಅಕ್ಕಿರೊಟ್ಟಿ ಮೇಲೆ ಪಿಜ್ಜಾ, ಕಾವಲಿಯಲ್ಲೇ

ಮಳೆಗಾಲದಲ್ಲಿ ಚಿಕ್ಕಮಗಳೂರು ಕಡೆ ಓವನ್ ನಂಬಿಕೊಂಡು ಅಡುಗೆಗೆ ನಿಲ್ಲೋ ಹಾಗಿಲ್ಲ. ತೋಟದಲ್ಲಿ ಒಂದು ಕೊಂಬೆ ಮುರಿದು ಲೈನ್ ಮೇಲೆ ಬಿದ್ದರೆ ಕರೆಂಟಿನ ಆಸೆ ಬಿಟ್ಟಂತೆಯೇ. ಹಾಗಾಗಿ ನಮ್ಮನೆ ಪಿಜ್ಜಾಕ್ಕೆ ಗ್ಯಾಸ್ ಒಲೆ, ದಪ್ಪ ಕಾವಲಿ, ಮೇಲೊಂದು ಮುಚ್ಚಳ. ಬೇಸ್‌ಗೆ ಬೆಳಗ್ಗೆ ಮಿಕ್ಕ ಅಕ್ಕಿರೊಟ್ಟಿ.

ಎಲ್ಲ ರೊಟ್ಟಿಯೂ ಆಗಲ್ಲ. ಈರುಳ್ಳಿ, ಸಬ್ಬಸಿಗೆ ಹಾಕಿ ತಟ್ಟಿದ್ದು ಎತ್ತುವಾಗಲೇ ಮುರಿಯುತ್ತೆ. ಕುದಿಯೋ ನೀರಿಗೆ ಹಿಟ್ಟು ಹಾಕಿ ಉಕ್ಕರಿಸಿ, ಬಿಸಿಯಲ್ಲೇ ನಾದಿದ ರೊಟ್ಟಿ ಬೇಕು, ಒಂಚೂರು ದಪ್ಪಗೆ. ಗೋಧಿ ಹಿಟ್ಟಿಗೆ ಜಿಗುಟು ಕೊಡೋ ಗ್ಲುಟೆನ್ ಅಕ್ಕಿಯಲ್ಲಿ ಇಲ್ಲವಲ್ಲ, ಬೆಂದ ಪಿಷ್ಟವೇ ಅದನ್ನು ಹಿಡಿದಿಡೋದು.

ಪಿಜ್ಜಾದ ತವರು ಇಟಲಿಯ ನೇಪಲ್ಸ್‌ನವರು 430 ಡಿಗ್ರಿ ಸೆಲ್ಸಿಯಸ್ ಆಸುಪಾಸಿನ ಸೌದೆ ಒಲೆಯಲ್ಲಿ ಒಂದೂವರೆ ನಿಮಿಷದೊಳಗೆ ಹಸಿ ಹಿಟ್ಟನ್ನೇ ಬೇಯಿಸಿಬಿಡ್ತಾರೆ. ಆ ಕಾವಿಗೆ ನೀರು ಹಾರಿಹೋಗುತ್ತೆ. ನಮ್ಮದು ಮುಚ್ಚಿಟ್ಟ ಕಾವಲಿ, ಆವಿ ಒಳಗೇ ಸುತ್ತುತ್ತೆ. ರೊಟ್ಟಿ ಮೊದಲೇ ಬೆಂದಿದೆ, ಚೀಸ್ ಕರಗಿದರೆ ಸಾಕು. ನೀರಿರೋದನ್ನೆಲ್ಲ ಮುಂಚೆಯೇ ಇಂಗಿಸಿಟ್ಟುಕೊಂಡರೆ ಅರ್ಧ ಕೆಲಸ ಮುಗೀತು.

ಮೊದಲು ಸಾಸ್: ನಾಲ್ಕು ರೊಟ್ಟಿಗೆ ಐದಾರು ಟೊಮ್ಯಾಟೊ, ನಾಲ್ಕೆಸಳು ಬೆಳ್ಳುಳ್ಳಿ. ಎಣ್ಣೆ ಬಿಡೋವರೆಗೂ ಬಾಡಿಸಬೇಕು. ಚಮಚ ಓರೆ ಮಾಡಿದರೂ ಜಾರಬಾರದು, ಅಷ್ಟು ಗಟ್ಟಿ. ಅಣಬೆ, ಕ್ಯಾಪ್ಸಿಕಂ ಬೇರೆಯಾಗಿ ದೊಡ್ಡ ಉರಿಯಲ್ಲಿ ಹುರಿದುಕೊಳ್ಳಿ. ಪಿಜ್ಜಾಕ್ಕೆ ಉದುರಿಸೋ ಒಣ ಸೊಪ್ಪು ಒರೆಗಾನೊ ತರೋಕೆ ಪೇಟೆಗೆ ಹೋಗೋದೇ ಬೇಡ. ಹಿತ್ತಲ ದೊಡ್ಡಪತ್ರೆಯಲ್ಲೂ ಒರೆಗಾನೊಗೆ ಘಾಟು ಕೊಡೋ ಅದೇ ಕಾರ್ವಕ್ರಾಲ್ ಅನ್ನೋ ಅಂಶ ಇದೆ, ಘಾಟೂ ಅದೇ ಜಾತಿದು. ಎರಡೇ ಎಲೆ, ಸಣ್ಣಗೆ ಹೆಚ್ಚಿ, ಸಾಸ್ ಇಳಿಸೋ ಮುಂಚೆ ಹಾಕಿ. ಜಾಸ್ತಿಯಾದರೆ ಕೆಮ್ಮಿಗೆ ಮಾಡೋ ಕಷಾಯದ ನೆನಪಾಗುತ್ತೆ. ಖಾರಕ್ಕೆ ಕುಟ್ಟಿದ ಕಾಳುಮೆಣಸು. ತೋಟದ ಸಿಲ್ವರ್ ಮರಕ್ಕೆ ಹಬ್ಬಿರೋ ಬಳ್ಳಿದೇ ಆದರೆ ಇನ್ನೂ ಒಳ್ಳೆಯದು.

ಚೀಸ್ ಮೊಜರೆಲ್ಲಾನೇ ಇರಲಿ. ಕ್ಯೂಬ್‌ನಲ್ಲಿ ಬರೋ ಪ್ರೊಸೆಸ್ಡ್ ಚೀಸ್ ಕೆನೆ ಥರ ಕರಗುತ್ತೆ, ಎಳೆ ಬರಲ್ಲ.

ಕಾವಲಿಗೆ ಬೆಣ್ಣೆ ಸವರಿ ರೊಟ್ಟಿಯ ಒಂದು ಮಗ್ಗುಲು ಗರಿಗರಿ ಮಾಡಿ ತಿರುವಿ ಹಾಕಿ. ಸಾಸ್ ಆ ಗರಿಯಾದ ಮಗ್ಗುಲಿಗೇ ಹೋಗಬೇಕು, ಆಗ ಬೇಗ ಮೆತ್ತಗಾಗಲ್ಲ. ಮೇಲೆ ತರಕಾರಿ, ಚೀಸ್. ಸಣ್ಣ ಉರಿ, ಮುಚ್ಚಳ, ನಾಲ್ಕೈದು ನಿಮಿಷ. ನಡುವೆ ಒಮ್ಮೆ ಮುಚ್ಚಳ ಎತ್ತಿ ಒಳಗಿನ ಹನಿ ಒರೆಸಿ.

ಇಳಿಸಿದ ಕೂಡಲೇ ತಿನ್ನಬೇಕು, ಆರಿದರೆ ಅಕ್ಕಿರೊಟ್ಟಿ ಬಿರುಸಾಗುತ್ತೆ. ಅತ್ತೆಗೆ ಮಾತ್ರ ಬೇರೆ ಲೆಕ್ಕ: "ನಂಗೆ ಆ ಚೀಸ್ ಬೇಡ ಕಣಮ್ಮ, ಗೊಜ್ಜು ಹಚ್ಚಿ ಮೇಲೊಂದಿಷ್ಟು ಬೆಣ್ಣೆ ಹಾಕು."