ಚಾಸಿ ಇಲ್ಲದ ಡ್ಯೂಪಲ್ 425 ಬೆಳಗಾವಿಯಲ್ಲಿ ತಯಾರಾದದ್ದು

ಸನ್‌ಬೋರ್ಡ್‌ನಲ್ಲಿ, ಅಂದರೆ ಹಗುರವಾದ ಫೋಮ್ ಹಲಗೆಯಲ್ಲಿ, ಬಸ್ ಮಾಡೆಲ್ ಮಾಡುವ ನಮ್ಮಂಥವರು ವಾಯವ್ಯ ಸಾರಿಗೆ ಬಸ್ಸು, ವೋಲ್ವೋ, ಸ್ಲೀಪರ್ ಇಷ್ಟರಲ್ಲೇ ಸುತ್ತುತ್ತಿರುತ್ತೇವೆ. ನನಗೆ ಹುಚ್ಚು ಹಿಡಿದದ್ದು ಇಂಗ್ಲೆಂಡಿನ ಡ್ಯೂಪಲ್ 425 ಅನ್ನೋ ಬಸ್ಸಿನ ಮೇಲೆ. ಬೆಳಗಾವಿಯಲ್ಲಿ ಕೂತು ಅದ್ಯಾಕೆ ಅಂತ ಗೆಳೆಯರು ಕೇಳಿದರು. ಅದರ ಮೂತಿ ನೋಡ್ರಿ ಅಂದೆ, ಅಷ್ಟೇ.

ಡ್ಯೂಪಲ್ ಹಳೇ ಕಂಪನಿ. 1919ರಲ್ಲಿ ಲಂಡನ್ನಿನಲ್ಲಿ ಶುರುವಾಗಿ, ಆಮೇಲೆ ಬ್ಲ್ಯಾಕ್‌ಪೂಲ್‌ಗೆ ಹೋಯಿತು. ಬೇರೆಯವರ ಚಾಸಿ (ಇಂಜಿನ್, ಚಕ್ರ ಕೂರಿಸಿದ ಕೆಳಗಿನ ಚೌಕಟ್ಟು) ಮೇಲೆ ಬಾಡಿ ಕಟ್ಟುವುದೇ ಅವರ ಕಸುಬು, ನಮ್ಮ ಕಡೆಯ ಬಾಡಿ ಬಿಲ್ಡರ್‌ಗಳ ಹಾಗೇ. 1980ರ ದಶಕದ ನಡುವಿನಲ್ಲಿ 320, 340 ಅಂತ ಬಾಡಿಗಳನ್ನು ತಂದರು. ಆ ಅಂಕಿ ಬಸ್ಸಿನ ಎತ್ತರ, ಸೆಂಟಿಮೀಟರ್ ಲೆಕ್ಕದಲ್ಲಿ. ಹಾಗಂತ 425 ಕೂಡ ಎತ್ತರವೇ ಅಂದುಕೊಂಡರೆ ಬಸ್ಸು ಡಬಲ್ ಡೆಕ್ಕರ್ ಆಗಿಬಿಡುತ್ತದೆ! ಅದು ಗಾಳಿ ತಡೆಯ ಲೆಕ್ಕ (ಡ್ರ್ಯಾಗ್ ಕೋಎಫಿಶಿಯಂಟ್), 0.425; ಈ ಅಂಕಿ ಕಮ್ಮಿ ಇದ್ದಷ್ಟೂ ಗಾಳಿ ಕಮ್ಮಿ ತಡೆಯುತ್ತದೆ. ಮುಂದಿನ ಗಾಜು ಅಷ್ಟು ಹಿಂದಕ್ಕೆ ವಾಲಿರುವುದು ಅದಕ್ಕೇ.

425ರಲ್ಲಿ ಬೇರೆ ಚಾಸಿನೇ ಇಲ್ಲ. ನೆಲ, ಪಕ್ಕ, ಛಾವಣಿ ಎಲ್ಲಾ ಸೇರಿ ಭಾರ ಹೊರುತ್ತವೆ. ಇಂಜಿನ್ ಹಿಂದೆ, ಕಮ್ಮಿನ್ಸ್ ಅಥವಾ ಡಾಫ್ ಕಂಪನಿಯದು. ನಾನು ಯಾವಾಗಲೂ ದಪ್ಪ ಬೋರ್ಡಿನ ನೆಲ ಮಾಡಿ, ಅದರ ಮೇಲೆ ಗೋಡೆ ನಿಲ್ಲಿಸುತ್ತೇನೆ. ಈ ಸಲ ಆ ರೂಢಿ ಬಿಟ್ಟೆ. 1:24 ಅಳತೆ ಇಟ್ಟುಕೊಂಡೆ. 12 ಮೀಟರ್ ಬಸ್ಸು 50 ಸೆಂಟಿಮೀಟರ್ ಆಗುತ್ತದೆ. ನೆಲಕ್ಕೂ ಗೋಡೆಗೂ ಒಂದೇ 3 ಮಿ.ಮೀ. ಬೋರ್ಡು. ಕಿಟಕಿ ಕಂಬ ಇರುವ ಕಡೆಯೆಲ್ಲಾ ಚೌಕಟ್ಟಿನ ಹಾಗೆ ಒಂದೊಂದು ಪಟ್ಟಿ ಸುತ್ತಿ ಅಂಟಿಸಿದೆ. ಛಾವಣಿ ಕೂರಿಸುವ ಮುಂಚೆ ಎರಡು ತುದಿ ಹಿಡಿದು ತಿರುಚಿದರೆ ಹಸೀ ಹಪ್ಪಳದ ಹಾಗೆ ಬಳುಕುತ್ತಿತ್ತು. ಛಾವಣಿ ಅಂಟಿಸಿ ಒಣಗಿದ ಮೇಲೆ ತಿರುಚಿ ನೋಡಿದೆ. ಅಲುಗಲಿಲ್ಲ. ಓದಿದ್ದು ಕೈಗೆ ಗೊತ್ತಾದದ್ದು ಆಗ.

ಜಾಸ್ತಿ ಹೊತ್ತು ಹಿಡಿದದ್ದು ಮೂತಿ. ಗಾಜಿಗೆ ಓಎಚ್‌ಪಿ ಶೀಟ್, ಅಂದರೆ ಪಾರದರ್ಶಕ ಪ್ಲಾಸ್ಟಿಕ್ ಹಾಳೆ. ಅದು ಮಡಿಸಿದರೆ ಗೆರೆ ಬೀಳುತ್ತದೆ, ಆದ್ದರಿಂದ ಬಾಗಿಸಬೇಕೇ ಹೊರತು ಮಡಿಸಬಾರದು. ಮೊದಲು ಹಳೇ ಕ್ಯಾಲೆಂಡರ್ ಹಾಳೆಯಲ್ಲಿ ಅಚ್ಚು ಕತ್ತರಿಸಿ, ಮೂತಿಗೆ ಒತ್ತಿ, ಅಂಚು ಎಲ್ಲಿ ಏಳುತ್ತದೋ ಅಲ್ಲಿ ಕೂದಲೆಳೆಯಷ್ಟು ಕೆತ್ತಿಕೊಂಡು ಬಂದೆ. ಅಚ್ಚು ತಾನಾಗೇ ಕೂತ ಮೇಲೆಯೇ ಶೀಟ್ ಕತ್ತರಿಸಿದ್ದು. ಗಾಜಿನ ಕೆಳಗಿನ ಮುಂಭಾಗಕ್ಕೆ ಪುಟ್ಟಿ ಹಚ್ಚಿ, ನೀರು ಹಾಕಿ 400 ನಂಬರ್ ಸ್ಯಾಂಡ್‌ಪೇಪರ್‌ನಲ್ಲಿ ಉಜ್ಜಿದೆ.

ಇಷ್ಟು ಚೆಂದದ ಬಸ್ಸು ಯಾಕೆ ಉಳಿಯಲಿಲ್ಲ? 1989ರಲ್ಲಿ ಡ್ಯೂಪಲ್ ಬಾಗಿಲು ಹಾಕಿತು. ಎದುರಾಳಿ ಪ್ಲಾಕ್ಸ್‌ಟನ್ ಡಿಸೈನಿನ ಹಕ್ಕು ಕೊಂಡು, ಫ್ರಾನ್ಸಿನ ತನ್ನ ಲೊರೇನ್ ಕಾರ್ಖಾನೆಯಲ್ಲಿ 1990ರ ದಶಕದ ಶುರುವಿನಲ್ಲಿ ಸ್ವಲ್ಪ ಬಸ್ಸು ಕಟ್ಟಿಸಿತು, ಅಲ್ಲಿಗೆ ಮುಗಿಯಿತು. ನನ್ನ ಲೆಕ್ಕ ಇಷ್ಟೇ: ಚಾಸಿ ಇಲ್ಲದ ಬಸ್ಸು ಮಾರಬೇಕಾದರೆ ಬಾಡಿ ಬಿಲ್ಡರ್ ಪೂರ್ತಿ ಗಾಡಿಗೇ ಹೊಣೆ ಆಗಬೇಕು. ಬ್ರೇಕಿಗೂ ಅವನೇ, ಬಿಡಿಭಾಗಕ್ಕೂ ಅವನೇ. ಬಸ್ ಓನರ್‌ಗಳಿಗೆ ಗ್ಯಾರೇಜಿನವನಿಗೆ ಗೊತ್ತಿರುವ ಚಾಸಿ ಮೇಲೇ ನಂಬಿಕೆ, ಅಲ್ವಾ? ನಮ್ಮಲ್ಲೂ ಹಾಗೇ.

ಬಣ್ಣಕ್ಕೆ ಮಾತ್ರ ಖಡೇಬಜಾರ್ ಸುತ್ತಾಡಿ ಬಿಳಿ ಸ್ಪ್ರೇ ಡಬ್ಬಿ ತಂದೆ. ಬಿಸಿಲಿನಲ್ಲಿ ಹೊಡೆಯಬೇಡಿ, ಸನ್‌ಬೋರ್ಡ್ ಗುಳ್ಳೆ ಏಳುತ್ತದೆ. ತೆಳ್ಳಗೆ ಪ್ರೈಮರ್ ಮೊದಲು, ಆಮೇಲೆ ದೂರದಿಂದ ಬಣ್ಣ. ಮುಂದೆ ಡ್ಯೂಪಲ್ ಹೆಸರೇ ಹಾಕಿದ್ದೇನೆ, ಪ್ಲಾಕ್ಸ್‌ಟನ್ ಅಂತಲ್ಲ.