ಫುಡ್ ಸೇಫ್ಟಿಯವ್ರು ಅಂಗಡೀಲಿ ಸ್ಯಾಂಪಲ್ ತಗೊಂಡ್ರೆ ಏನ್ ನೋಡ್ಬೇಕು

ಗಾಂಧಿ ಬಜಾರ್ ಆಗ್ಲಿ ಹೊಸನಗರದ ಸಂತೆ ಆಗ್ಲಿ, ಫುಡ್ ಸೇಫ್ಟಿ ಆಫೀಸರ್ ಬಂದು ತುಪ್ಪನೋ ಕಾಳುಮೆಣಸೋ ತಗೊಂಡ್ರು ಅಂದ್ರೆ ನಮ್ಮ ಕಡೆ ಅಂಗಡಿಯವ್ರು ಮೊದ್ಲು ಮಾಡೋದು ಪರಿಚಯದವ್ರಿಗೆ ಫೋನ್ ಹಚ್ಚೋದು. ಅದನ್ನ ಆಮೇಲೆ ಮಾಡಿ ಮಾರಾಯ್ರೆ, ಮೊದ್ಲು ಅಲ್ಲೇ ನಿಂತು ನೋಡಿ. ಲ್ಯಾಬ್ ನಂಬರ್ ಎಷ್ಟು ಬಂತು ಅನ್ನೋದು ಕೇಸಿಗೆ ಎಷ್ಟು ಮುಖ್ಯವೋ, ಆ ಮಾಲು ಲ್ಯಾಬ್ ತನಕ ಹೆಂಗೆ ಹೋಯ್ತು ಅನ್ನೋದೂ ಅಷ್ಟೇ ಮುಖ್ಯ.

2006ರ ಆಹಾರ ಸುರಕ್ಷತೆ ಮತ್ತು ಗುಣಮಟ್ಟ ಆಕ್ಟ್ ಸೆಕ್ಷನ್ 47 ಪ್ರಕಾರ ಲಿಖಿತ ನೋಟಿಸ್ ಕೊಡ್ಬೇಕು, ಸ್ಯಾಂಪಲ್ ನಾಲ್ಕು ಭಾಗ ಮಾಡ್ಬೇಕು. ಹಾಲು, ತುಪ್ಪ ಆದ್ರೆ ಚೆನ್ನಾಗಿ ಕಲಕಿ ತೆಗೀತಾರಾ ನೋಡಿ, ಮೇಲಿಂದ ಒಂದು ಸೌಟು ತೆಗೆದ್ರೆ ಅದು ಇಡೀ ಕ್ಯಾನಿನ ಹಾಲು ಹೆಂಗಿದೆ ಅಂತ ಹೇಳಲ್ಲ. ಆಮೇಲೆ ಸೀಲ್. ಕೋಡ್ ನಂಬರ್ ಮತ್ತೆ ಡೆಸಿಗ್ನೇಟೆಡ್ ಆಫೀಸರ್ (ಫುಡ್ ಸೇಫ್ಟಿ ಆಫೀಸರ್‌ಗಳ ಮೇಲಧಿಕಾರಿ) ಸಹಿ ಇರೋ ಚೀಟಿ ತಳದಿಂದ ಮೇಲ್ತನಕ ಸುತ್ತ ಅಂಟಿಸಿರ್ಬೇಕು, ದಾರ ಕಟ್ಟಿ ಅರಗಿನ ಮುದ್ರೆ ಕನಿಷ್ಠ ನಾಲ್ಕು, ಮೇಲೊಂದು ಕೆಳಗೊಂದು ಮೈಮೇಲೆ ಎರಡು, ನಿಮ್ಮ ಸಹಿ ಅರ್ಧ ಚೀಟಿ ಮೇಲೆ ಅರ್ಧ ಸುತ್ತಿದ ಪೇಪರ್ ಮೇಲೆ ಬೀಳೋ ಹಂಗೆ. ಯಾಕಂದ್ರೆ ಚೀಟಿ ಕಿತ್ತು ಬೇರೆ ಬಾಟ್ಲಿಗೆ ಹಚ್ಚಿದ್ರೆ ಸಹಿ ಕೂಡಲ್ಲ. ಇದನ್ನ ಮೊಬೈಲಲ್ಲಿ ಫೋಟೋ ತಗೊಳ್ಳಿ. ಸಹಿ ಹಾಕಲ್ಲ ಅಂತ ಹಠ ಮಾಡೋದ್ರಿಂದ ಏನೂ ಸಿಗಲ್ಲ, ಅವ್ರು ಸಾಕ್ಷಿ ಕರೆದು ಹಾಕಿಸ್ಕೊಂಡು ಹೋಗ್ತಾರೆ.

ಒಂದು ಭಾಗ ಫುಡ್ ಅನಲಿಸ್ಟ್‌ಗೆ (ಲ್ಯಾಬಲ್ಲಿ ಪರೀಕ್ಷೆ ಮಾಡಿ ರಿಪೋರ್ಟ್ ಕೊಡೋರು), ಎರಡು ಡೆಸಿಗ್ನೇಟೆಡ್ ಆಫೀಸರ್ ಹತ್ರ. ನಾಲ್ಕನೇದು ನೀವು ಕೇಳಿದ್ರೆ ನಿಮ್ಮ ಖರ್ಚಲ್ಲಿ ಮಾನ್ಯತೆ ಇರೋ ಬೇರೆ ಲ್ಯಾಬಿಗೆ. ಕೇಳೋರೇ ಕಮ್ಮಿ! ಅಲ್ಲೇ ಬರ್ದು ಕೊಡಿ, ಒಂದು ಕಾಪಿ ಇಟ್ಕೊಳ್ಳಿ. ಎರಡು ರಿಪೋರ್ಟ್ ಬೇರೆ ಬೇರೆ ಬಂದ್ರೆ ರೆಫರಲ್ ಲ್ಯಾಬಿಗೆ ಹೋಗುತ್ತೆ (ಮೈಸೂರಿನ ಸಿಎಫ್‌ಟಿಆರ್‌ಐ ಅಂಥದ್ದೊಂದು), ಅವ್ರು ಹೇಳಿದ್ದೇ ಫೈನಲ್.

ಅನಲಿಸ್ಟ್ 14 ದಿನದಲ್ಲಿ ರಿಪೋರ್ಟ್ ಕೊಡ್ಬೇಕು. ದಿನ ದಾಟಿದ ಮಾತ್ರಕ್ಕೆ ಕೇಸ್ ಬಿದ್ದೋಯ್ತು ಅಂತ ಕೂರ್ಬೇಡಿ, ಆದ್ರೆ ಡೇಟ್ ಬರ್ದಿಟ್ಕೊಳ್ಳಿ. ರಿಪೋರ್ಟಲ್ಲಿ ಮೊದ್ಲು ನೋಡ್ಬೇಕಾದ್ದು ಕೊನೇ ಸಾಲು. ಸಬ್‌ಸ್ಟ್ಯಾಂಡರ್ಡ್ (ಗುಣಮಟ್ಟ ಕಮ್ಮಿ) ಅಂದ್ರೆ ಜೈಲಿಲ್ಲ, ಎಡಿಸಿ (ಅಪರ ಜಿಲ್ಲಾಧಿಕಾರಿ) ಮುಂದೆ ವಿಚಾರಣೆ, ದಂಡ 5 ಲಕ್ಷದ ತನಕ. ಅನ್‌ಸೇಫ್ (ತಿಂದ್ರೆ ಅಪಾಯ) ಅಂದ್ರೆ ಕ್ರಿಮಿನಲ್ ಕೇಸು. ಗೋಬಿ ಅಂಗಡಿಯವ್ರಿಗೆ ಇದು ಗೊತ್ತಿರ್ಬೇಕು, 2024ರ ಮಾರ್ಚಲ್ಲಿ ನಮ್ಮ ಸರ್ಕಾರ ಗೋಬಿ ಮಂಚೂರಿಗೆ ಕೃತಕ ಬಣ್ಣ, ಕಾಟನ್ ಕ್ಯಾಂಡಿಗೆ ರೋಡಮೈನ್-ಬಿ ಅನ್ನೋ ಬಣ್ಣ ಹಾಕೋದನ್ನ ನಿಷೇಧ ಮಾಡಿದ್ದು. ರಿಪೋರ್ಟ್ ಒಪ್ಪಿಗೆ ಇಲ್ಲಾಂದ್ರೆ ಕೈಗೆ ಬಂದ 30 ದಿನದೊಳಗೆ ಡೆಸಿಗ್ನೇಟೆಡ್ ಆಫೀಸರ್‌ಗೆ ಅಪೀಲು, ಫಾರ್ಮ್ 8ರಲ್ಲಿ. ಈ ಗಡುವು ತಪ್ಪಿಸ್ಕೊಂಡು ಆಮೇಲೆ ವಕೀಲರನ್ನ ಹುಡ್ಕೋರು ಜಾಸ್ತಿ.

ಅಪೀಲು ಯಾಕೆ ಮುಖ್ಯ ಅಂದ್ರೆ, ಹಳೇ ಕಲಬೆರಕೆ ತಡೆ ಕಾಯ್ದೆ ಕಾಲದಲ್ಲಿ, 1966ರಲ್ಲಿ, ದೆಹಲಿಯ ಘೀಸಾ ರಾಮ್ ಕೇಸಲ್ಲಿ ಕೇಸ್ ಹಾಕೋದು ತಡ ಆಗಿ ಮೊಸರಿನ ಸ್ಯಾಂಪಲ್ಲೇ ಕೆಟ್ಟೋಗಿತ್ತು, ಎರಡನೇ ಸಲ ಪರೀಕ್ಷೆ ಮಾಡಿಸೋ ಆರೋಪಿ ಹಕ್ಕೇ ಹೋಯ್ತು ಅಂತ ಸುಪ್ರೀಂ ಕೋರ್ಟ್ ಅವನ ಪರ ನಿಂತಿತು. ಆದ್ರೆ "ಒಂಚೂರು ಕಮ್ಮಿ ಬಂದಿದೆ ಅಷ್ಟೇ ಸ್ವಾಮಿ" ಅನ್ನೋ ವಾದ ನಡಿಯಲ್ಲ. 2019ರಲ್ಲಿ ರಾಜ್ ಕುಮಾರ್ ಅನ್ನೋರ ಹಾಲಿನ ಕೇಸಲ್ಲಿ ಅದೇ ಕೋರ್ಟು ಸ್ಟ್ಯಾಂಡರ್ಡ್ ಅಂದ್ಮೇಲೆ ಸ್ಟ್ಯಾಂಡರ್ಡೇ ಅಂತ ಹೇಳ್ತು.

ಹಂಗಾಗಿ ಮಲೆನಾಡಿನವ್ರು ಮಳೆಗಾಲದಲ್ಲಿ ಸ್ವಲ್ಪ ಹುಷಾರು. ಕಾಳುಮೆಣಸಿನ ತೇವಾಂಶ 13% ದಾಟಬಾರ್ದು, ಆಗುಂಬೆ ಕಡೆ ಜುಲೈನಲ್ಲಿ ಮೂಟೆ ಬಾಯಿ ಬಿಚ್ಚಿಟ್ರೆ ಒಂದು ಪಪಾಯ ಬೀಜ ಬೆರೆಸದೇನೂ ಫೇಲ್ ಆಗ್ಬೋದು. ನೀರಿಗೆ ಹಾಕಿ ತೇಲುತ್ತಾ ಮುಳುಗುತ್ತಾ ನೋಡೋ ಮನೆ ಟೆಸ್ಟು ನಿಮ್ಮ ಅನುಮಾನಕ್ಕೆ ಸರಿ, ಅದರ ವೀಡಿಯೋ ಹಿಡ್ಕೊಂಡು ಕೋರ್ಟಿಗೆ ಹೋಗೋಕಾಗಲ್ಲ. ಪ್ಯಾಕೆಟ್ ಮಾಲು ಆದ್ರೆ ಬಿಲ್ ಬಿಸಾಡ್ಬೇಡಿ. ಸೆಕ್ಷನ್ 77 ಪ್ರಕಾರ ಕೇಸ್ ಹಾಕೋಕೆ ಒಂದು ವರ್ಷ ಟೈಮಿದೆ, ಫುಡ್ ಸೇಫ್ಟಿ ಕಮಿಷನರ್ ಕಾರಣ ಬರ್ದು ಮೂರು ವರ್ಷದ ತನಕ ಒಪ್ಪಿಗೆ ಕೊಡ್ಬೋದು, ಹಂಗಾಗಿ ಬಿಲ್ಲು, ಫೋಟೋ, ನೋಟಿಸ್ ಎಲ್ಲ ಅಲ್ಲಿವರ್ಗೂ ಒಂದೇ ಫೈಲಲ್ಲಿ ಇರ್ಲಿ.