ಹಾಯಿ ಯುದ್ಧನೌಕೆಯೊಂದರ ಚರಿತ್ರೆಯನ್ನು ಬರೆಯುವ ಕ್ರಮ

ಕಾರವಾರದ ಕಡಲತೀರದಲ್ಲಿರುವ ಚಾಪಲ್ ಯುದ್ಧನೌಕೆ ಉಕ್ಕಿನದು, ಹಳೆಯ ಹಾಯಿ ಯುದ್ಧನೌಕೆಗಳಾದರೋ ಮರದವು. ಮರದ ನೌಕೆಯ ವಿನ್ಯಾಸವನ್ನು ಅರಿಯಬೇಕೆನ್ನುವವರು ಮೊದಲು, ದಂಡೆಗೆ ಎಳೆದು ದುರಸ್ತಿಗಿಟ್ಟ ಹಳೆಯ ಮರದ ದೋಣಿಯೊಂದರ ಒಳಗೆ ಇಣುಕಿ, ತಳದ ಉದ್ದನೆಯ ಮರಕ್ಕೆ ಅಡ್ಡಮರಗಳು ಪಕ್ಕೆಲುಬಿನಂತೆ ಕೂತಿರುವುದನ್ನು ನೋಡಿಕೊಳ್ಳಬೇಕು.

ಬಳಿಕ ಒಂದೇ ನೌಕೆಯನ್ನು ಆರಿಸಿಕೊಳ್ಳಿ. ಟ್ರಿಂಕೋಮಲಿ ಎಂಬ ಬ್ರಿಟಿಷ್ ಹಾಯಿ ಯುದ್ಧನೌಕೆ ಇದಕ್ಕೆ ತಕ್ಕದ್ದು. ಬ್ರಿಟನ್ನಿನಲ್ಲಿ ಓಕ್ ಮರದ ಅಭಾವವಿದ್ದುದರಿಂದ ಲೀಡಾ ಎಂಬ ಮಾದರಿಯ ಈ ಫ್ರಿಗೇಟನ್ನು (ಮಧ್ಯಮ ಗಾತ್ರದ, ವೇಗದ ಯುದ್ಧನೌಕೆ) ಮುಂಬಯಿಯ ವಾಡಿಯಾ ಕುಟುಂಬದವರು ಸಾಗುವಾನಿಯಿಂದ ಕಟ್ಟಿ, 1817ರ ಅಕ್ಟೋಬರಿನಲ್ಲಿ ನೀರಿಗಿಳಿಸಿದರು. ನಮ್ಮ ಘಟ್ಟದ ಸಾಗುವಾನಿಯೇ ಅದಕ್ಕೆ ಹೋಗಿತ್ತೆಂದು ಬರೆಯುವ ಆಸೆ ಯಾರಿಗಾದರೂ ಆದೀತು, ಆದರೆ ದಾಖಲೆ ಕೈಯಲ್ಲಿಲ್ಲದೆ ಹಾಗೆ ಬರೆಯಬಾರದು.

ಹೆಚ್ಚಿನವರು ಎಡವುವುದು ದಿನಾಂಕಗಳಲ್ಲಿ. ನೀರಿಗಿಳಿದ ವರ್ಷವನ್ನೇ ಸೇವೆಯ ಆರಂಭವೆಂದು ಹಿಡಿದರೆ ಇಲ್ಲಿ ಮೂವತ್ತು ವರ್ಷಗಳ ತಪ್ಪಾಗುತ್ತದೆ. ನೆಪೋಲಿಯನ್ ಕಾಲದ ಯುದ್ಧಗಳು ಮುಗಿದಿದ್ದರಿಂದ ನೌಕೆಯನ್ನು ಪೋರ್ಟ್ಸ್‌ಮತ್‌ನಲ್ಲಿ ಸುಮ್ಮನೆ ನಿಲ್ಲಿಸಿದ್ದರು, ಮುಂದೆ ಅದನ್ನು 26 ತೋಪುಗಳ ಕಾರ್ವೆಟ್ (ಫ್ರಿಗೇಟಿಗಿಂತ ಕೆಳದರ್ಜೆಯ ಯುದ್ಧನೌಕೆ) ಆಗಿ ಮಾರ್ಪಡಿಸಿ 1847ರಲ್ಲಿ ಮೊದಲ ಬಾರಿ ಕೆಲಸಕ್ಕೆ ಕಳುಹಿಸಿದರು. ಆದ್ದರಿಂದ ಕಟ್ಟಿದ್ದು, ನೀರಿಗಿಳಿದದ್ದು, ಸೇವೆಗೆ ಸೇರಿದ್ದು, ಮಾರ್ಪಟ್ಟದ್ದು ಎಂದು ನಾಲ್ಕು ಕಾಲಂ ಎಳೆದುಕೊಂಡೇ ಟಿಪ್ಪಣಿ ಮಾಡಬೇಕು.

ತೋಪುಗಳ ಸಂಖ್ಯೆಯ ಮುಂದೆಯೂ ವರ್ಷ ನಮೂದಿಸಿ, ಏಕೆಂದರೆ ಅದು ಕಾಲಕಾಲಕ್ಕೆ ಬದಲಾಗುತ್ತದೆ. ಹೆಸರೂ ಅಷ್ಟೆ: ತರಬೇತಿ ಹಡಗಾದ ಮೇಲೆ ಇದು ಬಹುಕಾಲ ಫೂಡ್ರಾಯಂಟ್ ಎನಿಸಿಕೊಂಡಿತ್ತು. ದುರಸ್ತಿಯಾದ ನೌಕೆ ಈಗ ಇಂಗ್ಲೆಂಡಿನ ಹಾರ್ಟಲ್‌ಪೂಲ್‌ನಲ್ಲಿದೆ.